ಕಾಪುವಿನ ಮರಳಲ್ಲಿ ಅಳೆದ ನಮ್ಮ ಮಳೆ

ನಮ್ಮ ಕಡೆಯವರು ಘಟ್ಟ ಇಳಿಯುವುದು ಆಸ್ಪತ್ರೆಗೆ. ಮದುವೆ, ಗೃಹಪ್ರವೇಶ ಅಂತ ಇಳಿಯುವವರೂ ಇದ್ದಾರೆ. ಆದರೆ ಅವರು ಜರಿ ಸೀರೆ ಉಟ್ಟು, ಉಡುಗೊರೆ ಪೊಟ್ಟಣ ಹಿಡಿದಿರುತ್ತಾರೆ, ನೋಡಿದ ಕೂಡಲೇ ಗೊತ್ತಾಗುತ್ತದೆ. ಮಾಮೂಲಿ ಬಟ್ಟೆಯಲ್ಲಿ, ಒಂದು ಬ್ಯಾಗು ಒಂದು ಫ್ಲಾಸ್ಕು ಹಿಡಿದು ನಮ್ಮೂರು ಸಂಸೆಯಲ್ಲಿ ಕಾರ್ಕಳದ ಬಸ್ಸಿಗೆ ಕಾಯುತ್ತ ನಿಂತಿರೋ, ಎದುರು ಬಂದವರು ಕೇಳುವುದು ಒಂದೇ ಮಾತು: “ಯಾರಿಗೆ ಹುಷಾರಿಲ್ಲ?”

ಮದುವೆಯಾದ ಈ ಇಪ್ಪತ್ತೆರಡು ವರ್ಷಗಳಲ್ಲಿ ನನ್ನ ಹೆಂಡತಿ ಹಾಗೆ ಎಷ್ಟು ಸಲ ಇಳಿದಿದ್ದಾಳೋ. ನನ್ನ ತಂದೆಯ ಎದೆನೋವಿಗೆ, ಮಗಳು ಪೇರಳೆ ಮರದಿಂದ ಬಿದ್ದು ಕೈ ಮುರಿದುಕೊಂಡಾಗ, ಆಮೇಲೆ ನನ್ನ ಕಿಡ್ನಿ ಕಲ್ಲಿಗೆ. ಕಲ್ಲಿನ ಸಲ ನನ್ನನ್ನು ಮೂರನೇ ಮಹಡಿಯಲ್ಲಿ ಮಲಗಿಸಿದ್ದರು. ಕಿಟಕಿಯಾಚೆ, ತೆಂಗಿನ ತಲೆಗಳ ಮೇಲೆ, ದೂರದಲ್ಲಿ ಒಂದು ಬೂದು ಗೆರೆ ಕಾಣುತ್ತಿತ್ತು. ಅದೇ ಕಡಲು ಎಂದು ನರ್ಸ್ ಹೇಳಿದರು. ಹೆಂಡತಿ ಕೈಯಲ್ಲಿದ್ದ ಊಟದ ಕ್ಯಾರಿಯರ್ ಕೆಳಗಿಡುವುದನ್ನೂ ಮರೆತು ಐದು ನಿಮಿಷ ಅದನ್ನು ನೋಡುತ್ತ ನಿಂತಳು. ಇಂಥ ಹೊತ್ತಿನಲ್ಲಿ ನಾನು ಏನು ಹೇಳುತ್ತೇನೋ ಅದನ್ನೇ ಹೇಳಿದೆ: “ಕಿಟಕಿ ಹಾಕು, ಗಾಳಿ ಬರ್ತದೆ.”

ಆ ಗೆರೆಯನ್ನು ಬಿಟ್ಟರೆ ಅವಳು ಸಮುದ್ರ ಕಂಡಿರಲಿಲ್ಲ. ನಮ್ಮ ಮನೆಯಿಂದ ಅದು ನೂರು ಕಿಲೋಮೀಟರಿನ ಆಸುಪಾಸು. ತಪ್ಪು ದೂರದ್ದಲ್ಲ. ನನ್ನದು.

ಮದುವೆಯಾದ ಮೊದಲ ವರ್ಷ, ಮಾರ್ಚ್ ತಿಂಗಳು, ಅಪ್ಪನ ಜೀಪು ತೆಗೆದುಕೊಂಡು ನಾವಿಬ್ಬರೇ ಕಡಲ ದಡದ ಕಾಪುವಿಗೆ ಹೊರಟಿದ್ದೆವು. ಅಲ್ಲಿನ ಲೈಟ್‌ಹೌಸನ್ನು ಅವಳು ಯಾವುದೋ ಕ್ಯಾಲೆಂಡರಿನಲ್ಲಿ ನೋಡಿದ್ದಳು. ಕುದುರೆಮುಖ ದಾಟಿತು, ಕಾಡು ದಾಟಿತು. ಎಸ್.ಕೆ. ಬಾರ್ಡರಿನ, ಅಂದರೆ ಹಳೆಯ ಸೌತ್ ಕೆನರಾ ಗಡಿಯ, ಗೇಟಿನ ಹತ್ತಿರ ಬಂದಾಗ ಜೀಪಿನ ಗಾಜಿನ ಮೇಲೆ ನಾಲ್ಕು ಹನಿ ಬಿತ್ತು. ನಾಲ್ಕೇ. ಗೇಟು ದಾಟಿದರೆ ಇಳಿಜಾರು, ಬಜಗೋಳಿ, ಕಾರ್ಕಳ, ಕಡಲು. ನಾನು ಜೀಪು ತಿರುಗಿಸಿದೆ. “ತೋಟದಲ್ಲಿ ಎಷ್ಟು ಬಿತ್ತೋ ನೋಡ್ಬೇಕು” ಎಂದೆ. ಮನೆಗೆ ಬಂದು ನೋಡಿದರೆ ಒಂದು ಹನಿಯಿಲ್ಲ. ಅಂಗಳದಲ್ಲಿ ಕೋಳಿಗಳು ಧೂಳಿನಲ್ಲಿ ಹೊರಳಾಡುತ್ತಿದ್ದವು. ಅವಳು ಜೀಪಿನಿಂದ ಇಳಿದು, ಸೀರೆ ಬದಲಾಯಿಸಿ, ಅನ್ನಕ್ಕೆ ಇಟ್ಟಳು. ಬೈದಿದ್ದರೆ ಅದೇ ತಿಂಗಳು ಮರೆತುಹೋಗುತ್ತಿತ್ತು. ಬೈಯದೇ ಇದ್ದದ್ದು ಇಪ್ಪತ್ತೆರಡು ವರ್ಷ ಬಂತು.

ನಾಲ್ಕು ಹನಿಗೆ ಜೀಪು ತಿರುಗಿಸುವವನು ಹುಚ್ಚನೇ ಇರಬೇಕು ಎಂದು ಬಯಲುಸೀಮೆಯವರಿಗೆ ಅನ್ನಿಸಬಹುದು. ನಮ್ಮಂಥ ಕಾಫಿ ಬೆಳೆಯುವವರಿಗೆ ಅನ್ನಿಸುವುದಿಲ್ಲ. ಫೆಬ್ರವರಿ ಕೊನೆಯಿಂದ ಮಾರ್ಚಿನೊಳಗೆ ಒಂದು ಇಂಚು ಮಳೆ ಬಿದ್ದರೆ ಒಂಬತ್ತನೇ ದಿನಕ್ಕೆ ರೊಬಸ್ಟ ಕಾಫಿ ತೋಟ ಬೆಳ್ಳಗೆ ಅರಳಿ ನಿಲ್ಲುತ್ತದೆ. ಇದಕ್ಕೆ ಹೂಮಳೆ ಎನ್ನುತ್ತೇವೆ. ಬೀಳದೇ ಹೋದರೆ ಕೆರೆಗೆ ಪಂಪು ಹಚ್ಚಿ ಸ್ಪ್ರಿಂಕ್ಲರಿನಲ್ಲಿ ಆ ಮಳೆಯನ್ನು ನಾವೇ ಕೊಡುತ್ತೇವೆ. ಎರಡೂ ಸರಿಯೇ. ಕೆಟ್ಟದ್ದು ಮೂರನೆಯದು, ಅರೆ ಮಳೆ. ಇಂಚಿಗೆ ನೂರು ಸೆಂಟು ಎಂದು ನಮ್ಮ ಲೆಕ್ಕ. ಮೂವತ್ತೋ ನಲವತ್ತೋ ಸೆಂಟು ಬಿದ್ದು ನಿಂತುಬಿಟ್ಟರೆ ಮೊಗ್ಗಿಗೆ ಎಚ್ಚರವಾಗುತ್ತದೆ, ಅರಳುವಷ್ಟು ತ್ರಾಣ ಇರುವುದಿಲ್ಲ. ಎರಡು ಮೂರು ದಿನದೊಳಗೆ ಇಡೀ ತೋಟಕ್ಕೆ ಉಳಿದ ನೀರು ಕೊಟ್ಟು ಮುಗಿಸದಿದ್ದರೆ ವರ್ಷದ ಬೆಳೆಗೆ ಕೈಮುಗಿದ ಹಾಗೆ.

ಆದ್ದರಿಂದಲೇ ಮಳೆ ನಿಂತ ಹತ್ತು ನಿಮಿಷಕ್ಕೆ ಊರಿನ ಫೋನುಗಳೆಲ್ಲ ಬಡಿದುಕೊಳ್ಳುತ್ತವೆ. ಹಲೋ ಇಲ್ಲ, ಆರಾಮಾ ಇಲ್ಲ. “ನಿಮಗೆಷ್ಟು?” ನಮಗೆ ಎಷ್ಟು ಎಂದು ಹೇಳುವುದು ಅಂಗಳದಾಚೆ ಕಲ್ಲುಕಟ್ಟೆಯ ಮೇಲಿರುವ ಮಳೆ ಮಾಪಕ. ಐದಿಂಚು ಅಗಲದ ಆಲಿಕೆ, ಅದರ ಕೆಳಗೊಂದು ಬಾಟಲಿ. ಬಾಟಲಿಯಲ್ಲಿ ಕೂಡಿದ ನೀರನ್ನು ಗೆರೆ ಕೊರೆದ ಉದ್ದನೆಯ ಗಾಜಿನ ಗ್ಲಾಸಿಗೆ ಸುರಿದು, ಕಣ್ಣಿನ ಮಟ್ಟಕ್ಕೆ ಹಿಡಿದು ಓದಬೇಕು. ಓದುವವನು ನಾನು. ಬರೆಯುವವನೂ ನಾನು. ಅಪ್ಪನ ಕಾಲದ ಗ್ಲಾಸನ್ನು ಬೆಕ್ಕು ಬೀಳಿಸಿ ಒಡೆದ ಮೇಲೆ ಅದೇ ಅಳತೆಯದು ಇನ್ನೊಂದು ಸಿಗಲು ಆರು ತಿಂಗಳು ಹಿಡಿಯಿತು. ಅಂದಿನಿಂದ ಅದು ಬೀರುವಿನಲ್ಲಿ, ನನ್ನ ಮದುವೆಯ ಪಂಚೆಯ ಮಡಿಕೆಯೊಳಗೆ ಇರುತ್ತದೆ. ಪಂಚೆಗೆ ಅಷ್ಟು ಮರ್ಯಾದೆ ಇಲ್ಲ.

ಈ ವರ್ಷದ ಕಾಪು ಯೋಜನೆ ಹುಟ್ಟಿದ್ದು ಮಗಳಿಂದ. ಅವಳು ಚಿಕ್ಕಮಗಳೂರಿನಲ್ಲಿ ಓದುತ್ತಾಳೆ, ಎರಡು ವಾರಕ್ಕೊಮ್ಮೆ ಬಟ್ಟೆಯ ಮೂಟೆಯೊಂದಿಗೆ ಬರುತ್ತಾಳೆ. ಒಂದು ಭಾನುವಾರ ತಿಂಡಿ ತಿನ್ನುತ್ತ ಕೇಳಿದಳು.

“ಅಮ್ಮಾ, ನೀ ನಿಜವಾಗ್ಲೂ ಸಮುದ್ರ ನೋಡಿಲ್ವಾ? ನಮ್ಮ ಕ್ಲಾಸಲ್ಲಿ ಹೇಳಿದ್ರೆ ಯಾರೂ ನಂಬಲ್ಲ.”

“ನೋಡಿದೀನಿ. ಮೂರನೇ ಮಹಡಿಯಿಂದ.”

“ಅಪ್ಪಾ, ಮುಂದಿನ ತಿಂಗಳು ಎರಡು ದಿನ ಹೋಗಿ ಬರಣ. ಶನಿವಾರ ಹೋಗಿ ಭಾನುವಾರ ಸಂಜೆ ವಾಪಸ್. ಎಂತ ಆಗ್ತದೆ?”

“ಮುಂದಿನ ತಿಂಗಳು ಮಾರ್ಚ್” ಎಂದೆ ನಾನು.

“ಮಾರ್ಚಲ್ಲಿ ಹೂಮಳೆ, ಜೂನಲ್ಲಿ ಮುಂಗಾರು, ನವೆಂಬರಿಂದ ಕೊಯ್ಲು. ಯಾವ ತಿಂಗಳಲ್ಲಿ ಹೋಗ್ಬಹುದು ಹೇಳಿ ಮಾರಾಯ್ರೆ, ಬರ್ಕೊಳ್ತೀನಿ.” ಅವಳು ನನ್ನನ್ನು ಮಾರಾಯ್ರೆ ಎಂದು ಕರೆಯುವುದು ತಾಯಿಯಿಂದ ಕಲಿತದ್ದು. ಸ್ವರವೂ ಅವಳದೇ.

ಹೆಂಡತಿ ಕಾವಲಿಯ ಮೇಲಿನ ದೋಸೆ ಮಗುಚಿ ಹಾಕಿ, ನನ್ನ ಕಡೆ ತಿರುಗದೆ ಹೇಳಿದಳು: “ಹೋಗಣ ಅಂದ್ರೆ ಹೋಗಣ. ನಾ ಬೇಡ ಅನ್ನಲ್ಲ. ಆದ್ರೆ ಒಂದು ಮಾತು. ಈ ಸಲನೂ ಬಾರ್ಡರಿಂದ ತಿರುಗ್ಸೋದಾದ್ರೆ ಈಗ್ಲೇ ಹೇಳ್ಬಿಡಿ. ನಾ ಇನ್ನೊಂದ್ಸಲ ಸೀರೆ ಬದಲಾಯ್ಸಿ ಅನ್ನಕ್ಕೆ ಇಡಲ್ಲ. ಇನ್ಮೇಲೆ ಕೇಳೋದೂ ಇಲ್ಲ.”

ಇಪ್ಪತ್ತೆರಡು ವರ್ಷ ಹಿಡಿದಿಟ್ಟ ಬೈಗುಳ ಇಷ್ಟು ಮೆತ್ತಗೆ ಬರುತ್ತದೆ ಎಂದು ಗೊತ್ತಿರಲಿಲ್ಲ. ನಾನು ದೋಸೆ ನೋಡುತ್ತ “ಹೋಗಣ” ಎಂದೆ.

ಹೋಗೋಣ ಎಂದ ಮೇಲೆ ಯೋಜನೆ ಮಾಡಬೇಕು. ಯೋಜನೆ ಎಂದರೆ ಮಗಳಿಗೆ ಫೋನಿನಲ್ಲಿ ರೂಮು ನೋಡುವುದು, ಹೆಂಡತಿಗೆ ಚಕ್ಕುಲಿ. ನನಗೆ ಆಗಬಹುದಾದ ಅನಾಹುತಗಳನ್ನು ಒಂದೊಂದಾಗಿ ನೆನೆದು ಪಟ್ಟಿ ಮಾಡುವುದು. ಹಳೆಯ ಡೈರಿಯ ಹಿಂಬದಿಯಲ್ಲಿ ಶುರು ಮಾಡಿದೆ. ಗ್ಯಾಸ್ ಬಂದ್ ಮಾಡುವುದು. ನಾಯಿಗೆ ಅನ್ನ. ವಾಂತಿ ಮಾತ್ರೆ. ಛತ್ರಿ ಮೂರು. ಟಾರ್ಚು. ಟಾರ್ಚಿಗೆ ಬೇರೆ ಸೆಲ್ಲು. ಅಳತೆ ಗ್ಲಾಸು ಮೇಸ್ತ್ರಿಗೆ ಕೊಡುವುದು. ಹಗ್ಗ.

ಪಟ್ಟಿ ಮೂವತ್ತೊಂದಕ್ಕೆ ಬಂದಾಗ ಹೆಂಡತಿ ಅದನ್ನು ಓದಿದಳು.

“ಹಗ್ಗ ಎಂತಕ್ಕೆ?”

“ನೀರಿಗಿಳಿದಾಗ ಅಲೆ ಎಳ್ಕೊಂಡ್ರೆ.”

“ಸೊಂಟಕ್ಕೆ ಕಟ್ಟಿ ದಡದಲ್ಲಿ ಹಿಡ್ಕೊಂಡು ನಿಲ್ತೀರಾ? ಎತ್ತಿನ ಮೈ ತೊಳೆಸಿದ ಹಾಗೆ?”

ಹಗ್ಗ ಹೊಡೆದು ಹಾಕಿದೆ. ಆಮೇಲೆ ಅವಳಿಗೆ ಗೊತ್ತಾಗದ ಹಾಗೆ ಡಿಕ್ಕಿಯಲ್ಲಿ ಇಟ್ಟೆ.

ಕಾರನ್ನು ಕಳಸದ ಗ್ಯಾರೇಜಿಗೆ ಒಯ್ದೆ. ಗ್ಯಾರೇಜಿನ ಕಾಕಾ ಮೂವತ್ತು ವರ್ಷದಿಂದ ನಮ್ಮ ಮನೆಯ ಗಾಡಿಗಳನ್ನು ನೋಡಿಕೊಂಡು ಬಂದವರು. ನನ್ನ ಸ್ವಭಾವವನ್ನೂ ನೋಡಿಕೊಂಡು ಬಂದವರು. ಜೀಪೊಂದರ ಅಡಿಯಲ್ಲಿ ಮಲಗಿಕೊಂಡೇ ಕೇಳಿದರು.

“ಘಟ್ಟ ಇಳಿತೀರಾ? ಯಾವ ಆಸ್ಪತ್ರೆ?”

“ಆಸ್ಪತ್ರೆ ಅಲ್ಲ ಕಾಕಾ. ಸಮುದ್ರ ನೋಡಕ್ಕೆ.”

ಜೀಪಿನ ಅಡಿಯಿಂದ ಮೊದಲು ಕಾಲು, ಆಮೇಲೆ ಹೊಟ್ಟೆ, ಕೊನೆಗೆ ಮುಖ ಹೊರಬಂತು.

“ಸುಮ್ನೆ?”

“ಸುಮ್ನೆ.”

“ಸುಮ್ನೆ ಹೋಗೋರು ಒಂದೇ ವಾರದಲ್ಲಿ ಮೂರು ಸಲ ಬ್ರೇಕ್ ಚೆಕ್ ಮಾಡಿಸ್ತಾರಾ ಮಾರಾಯ್ರೆ? ನನ್ ಹತ್ರ ಎಂತಕ್ಕೆ ಮುಚ್ಚಿಡ್ತೀರಿ? ಮನೇಲಿ ಅಕ್ಕನಿಗೆ ಆರಾಮಿಲ್ವಾ?”

“ಎಲ್ಲ ಆರಾಮಾಗಿದೀವಿ.”

“ಬ್ರೇಕೂ ಆರಾಮಾಗಿದೆ. ನೀವು ಮತ್ತೆ ಮತ್ತೆ ತುಳಿದು ನೋಡಿ ಅದನ್ನ ಹಾಳು ಮಾಡ್ಬೇಡಿ ಅಷ್ಟೆ.”

ಪಕ್ಕದ ತೋಟದ ಅತ್ತೆಯಂತೂ ನಂಬಲೇ ಇಲ್ಲ. ಸಂಬಂಧದಲ್ಲಿ ಅವರು ನಮಗೆ ಏನೂ ಆಗಬೇಕಾಗಿಲ್ಲ. ನನ್ನನ್ನು ಎತ್ತಿ ಆಡಿಸಿದವರಾದ್ದರಿಂದ ಅತ್ತೆ. ಶುಕ್ರವಾರ ಸಂಜೆ ಒಂದು ಡಬ್ಬಿ ರಾಗಿ ಗಂಜಿಪುಡಿ ಹಿಡಿದುಕೊಂಡು ಬಂದರು. “ಕ್ಯಾಂಟೀನ್ ಊಟ ಕಾಯಿಲೆಯೋರಿಗೆ ಸೇರಲ್ಲ. ಬಿಸಿನೀರು ಸಿಕ್ರೆ ಸಾಕು, ಕಲಸಿ ಕೊಡು” ಎಂದು ಹೆಂಡತಿಯ ಕೈಗಿತ್ತು, ನನ್ನ ಮುಖವನ್ನು ಒಂದು ಗಳಿಗೆ ದಿಟ್ಟಿಸಿ, “ಇಳಿದು ಹೋಗಿದೀಯಲ್ಲೋ” ಎಂದರು. ಸಮುದ್ರ, ಲೈಟ್‌ಹೌಸು, ಎರಡು ದಿನದ ತಿರುಗಾಟ ಎಂದು ಹೆಂಡತಿ ಬಿಡಿಸಿ ಬಿಡಿಸಿ ಹೇಳಿದಳು. “ಹೌದೌದು, ಹಾಗೇ ಹೇಳ್ಬೇಕು, ಮನೆ ಮಾತು ನಾಲ್ಕು ಜನಕ್ಕೆ ಎಂತಕ್ಕೆ” ಎಂದು ತಲೆಯಾಡಿಸುತ್ತ ಹೋದರು. ಹೆಂಡತಿ ಗಂಜಿಪುಡಿಯನ್ನು ಚಕ್ಕುಲಿಯ ಡಬ್ಬದ ಪಕ್ಕ ಇಟ್ಟಳು.

ಇನ್ನು ಮೇಸ್ತ್ರಿ. ನಮ್ಮದು ಎಂಟೆಕರೆಯ ಸಣ್ಣ ತೋಟ, ಕೆಲಸ ಮಾಡಿಸುವ ಮೇಸ್ತ್ರಿ ಎಂದು ಕರೆಯಲು ಇರುವುದು ಒಬ್ಬರೇ. ನನಗಿಂತ ಹದಿನೈದು ವರ್ಷ ದೊಡ್ಡವರು. ಕಾಫಿಗಿಡದ ಬಗ್ಗೆ ನನಗೆ ಗೊತ್ತಿರುವುದೆಲ್ಲ ಅವರಿಂದ ಗೊತ್ತಾದದ್ದು. ಗೊತ್ತಿಲ್ಲದೇ ಇರುವುದೂ ಅವರಿಗೆ ಗೊತ್ತು. ಶುಕ್ರವಾರ ಮಧ್ಯಾಹ್ನ ಅವರನ್ನು ಮಾಪಕದ ಕಟ್ಟೆಯ ಹತ್ತಿರ ನಿಲ್ಲಿಸಿಕೊಂಡು ಅರ್ಧ ಗಂಟೆ ಪಾಠ ಮಾಡಿದೆ. ಮಳೆ ನಿಂತ ಕೂಡಲೇ ಬಾಟಲಿ ತೆಗೆಯಬೇಕು. ಗ್ಲಾಸಿಗೆ ನಿಧಾನ ಸುರಿಯಬೇಕು. ಕಣ್ಣಿನ ಮಟ್ಟಕ್ಕೆ ಹಿಡಿಯಬೇಕು. ನೀರಿನ ಅಂಚು ಮೇಲೆ ಕಾಣುತ್ತದೆ, ನಡುವಿನ ಮಟ್ಟವನ್ನೇ ಓದಬೇಕು. ಓದಿದ ಕೂಡಲೇ ನನಗೆ ಫೋನು ಮಾಡಬೇಕು.

“ಆಗ್ಲಿ ಅಯ್ಯ.”

“ಗ್ಲಾಸು ನಾಳೆ ಬೆಳಿಗ್ಗೆ ಹೋಗ್ತಾ ನಿಮ್ಮ ಮನೇಲಿ ಕೊಟ್ಟು ಹೋಗ್ತೀನಿ. ಇವತ್ತೇ ಕೊಟ್ರೆ ಎಲ್ಲಾದ್ರೂ ಒಡೆದೀತು.”

“ಆಗ್ಲಿ ಅಯ್ಯ. ಮಳೆ ಬರದಿದ್ರೆ ಎಂತ ಮಾಡ್ಲಿ?”

ನಾನು ಆಲಿಕೆಯೊಳಗೆ ಬಿದ್ದಿದ್ದ ಒಣ ಎಲೆಯೊಂದನ್ನು ಎತ್ತಿ ಎಸೆದೆ. ಅವರು ಬೀಡಿ ಹಚ್ಚಿದರು.

ಶನಿವಾರ ಬೆಳಿಗ್ಗೆ ಗ್ಲಾಸನ್ನು ನನ್ನ ಬನಿಯನ್ನಿನಲ್ಲಿ ಸುತ್ತಿ ಬ್ಯಾಗಿನ ಮೇಲ್ಭಾಗದಲ್ಲಿಟ್ಟೆ. ಇಟ್ಟ ಕೂಡಲೇ ಪಟ್ಟಿಯಲ್ಲಿ ‘ಗ್ಲಾಸು ಮೇಸ್ತ್ರಿಗೆ’ ಎಂಬುದರ ಮುಂದೆ ಗುರುತು ಹಾಕಿದೆ. ಕೊಡಲಿಕ್ಕೇ ತಾನೆ ಇಟ್ಟದ್ದು, ಕೊಟ್ಟ ಹಾಗೇ ಎಂದು. ಗುರುತು ಬಿದ್ದದ್ದನ್ನು ಮತ್ತೆ ಯೋಚಿಸುವ ಪದ್ಧತಿ ನನಗಿಲ್ಲ, ಗುರುತು ಬೀಳದೇ ಇರುವುದೇ ಬೇಕಾದಷ್ಟಿರುತ್ತದೆ. ಗೇಟು ದಾಟಿದ ಮೇಲೆ ಗ್ಯಾಸ್ ಬಂದ್ ಮಾಡಿದೆನೋ ಇಲ್ಲವೋ ಎಂದು ಅನುಮಾನ ಬಂತು. ವಾಪಸು ಹೋಗಿ ನೋಡಿದೆ. ಬಂದ್ ಆಗಿತ್ತು. ಮನೆಯ ಕೀಲಿಕೈಯನ್ನು ಮೇಸ್ತ್ರಿಯ ಹೆಂಡತಿಗೆ ಕೊಡುವ ಹೊತ್ತಿಗೆ ಹಿಂದಿನ ಬಾಗಿಲಿನ ಚಿಲಕದ ಬಗ್ಗೆ ಅನುಮಾನ ಬಂತು. ಅದನ್ನು ಅವರೊಂದಿಗೆ ಚರ್ಚಿಸಿದೆ. ಈ ಗದ್ದಲದಲ್ಲಿ ಕೀಲಿಕೈ ಕೊಟ್ಟೆ, ಗ್ಲಾಸು ಕೊಡಲಿಲ್ಲ.

ಎಸ್.ಕೆ. ಬಾರ್ಡರ್ ಬಂತು. ಆಕಾಶ ತಿಳಿಯಾಗಿತ್ತು, ಒಂದು ಮೋಡವಿಲ್ಲ. ಆದರೂ ಗೇಟಿನ ಹತ್ತಿರ ನನ್ನ ಕಾಲು ತಾನಾಗಿ ಬ್ರೇಕಿನ ಮೇಲೆ ಹೋಯಿತು. ಹೆಂಡತಿ ಕಿಟಕಿಯಿಂದ ಹೊರಗೆ ನೋಡುತ್ತಿದ್ದಳು, ಕೈ ಮಾತ್ರ ಸೀರೆಯ ಸೆರಗನ್ನು ಹಿಡಿದುಕೊಂಡಿತ್ತು. ಮದುವೆಯ ವರ್ಷದ ಸೀರೆಯಲ್ಲ, ಹೊಸದು. ಗೇಟು ದಾಟಿದೆ. ಮೊದಲ ತಿರುವು ಇಳಿದ ಮೇಲೆ ಅವಳು ಸೆರಗು ಬಿಟ್ಟು ಚಕ್ಕುಲಿಯ ಡಬ್ಬ ತೆರೆದಳು.

ಸಮುದ್ರದ ಬಗ್ಗೆ ನಾನು ಏನೂ ಬರೆಯುವುದಿಲ್ಲ. ನೋಡಿದವರಿಗೆ ಗೊತ್ತು. ಅವಳು ನೋಡಿದ್ದನ್ನು ಬರೆಯಬಹುದು. ಚಪ್ಪಲಿ ಕಳಚಿ ಕೈಯಲ್ಲಿ ಹಿಡಿದುಕೊಂಡು, ಒಣ ಮರಳು ಮುಗಿದು ಒದ್ದೆ ಮರಳು ಶುರುವಾಗುವ ಅಂಚಿನಲ್ಲಿ ನಿಂತಳು. ಅಲೆ ಬಂದು ಪಾದ ಮುಟ್ಟಿ ಹೋಯಿತು. “ಅಯ್ಯೋ, ಬೆಚ್ಚಗಿದೆ!” ಎಂದಳು. ಇಷ್ಟು ವರ್ಷ ಅವಳು ಅದನ್ನು ತಣ್ಣಗಿರುತ್ತದೆ ಎಂದುಕೊಂಡಿದ್ದಳಂತೆ, ನಮ್ಮ ಹಳ್ಳದ ನೀರಿನ ಹಾಗೆ. ಮಗಳೂ ಅವಳೂ ಕೈಕೈ ಹಿಡಿದು ಮೊಣಕಾಲಿನವರೆಗೆ ಇಳಿದರು. ನಾನು ಹಗ್ಗವನ್ನು ನೆನೆಯುತ್ತ ದಡದಲ್ಲಿ ಚೀಲ ಕಾಯ್ದೆ.

ಮಧ್ಯಾಹ್ನ ಊಟ, ನಿದ್ದೆ. ನಾಲ್ಕು ಗಂಟೆಗೆ ಮತ್ತೆ ಮರಳಿಗೆ ಬಂದೆವು, ಸೂರ್ಯ ಮುಳುಗುವುದನ್ನು ನೋಡಲು. ಬಂದಿದ್ದ ಅಷ್ಟೂ ಜನ ಪಶ್ಚಿಮಕ್ಕೆ ಮುಖ ಮಾಡಿ ಕೂತಿದ್ದರು. ಪೂರ್ವಕ್ಕೆ ತಿರುಗಿ ಕೂತವನು ನಾನೊಬ್ಬ. ತೆಂಗಿನ ತೋಪಿನ ಮೇಲೆ, ತೀರ ದೂರದಲ್ಲಿ, ಘಟ್ಟದ ಸಾಲು ಇರಬೇಕಾದ ಕಡೆ ಕಪ್ಪು ಕಟ್ಟುತ್ತಿತ್ತು.

“ಅಪ್ಪಾ, ಸಮುದ್ರ ಈ ಕಡೆ” ಎಂದಳು ಮಗಳು.

ಐದೂವರೆಗೆ ಫೋನು ಬಂತು. ಮೇಸ್ತ್ರಿ.

“ಅಯ್ಯ, ಮಳೆ ಬಂತು. ನಾಲ್ಕೂವರೆಗೆ ಹಿಡಿದದ್ದು ಈಗ ನಿಂತಿದೆ. ಬಾಟ್ಲಿ ತೆಗ್ದು ಕೈಯಲ್ಲಿ ಹಿಡ್ಕೊಂಡು ನಿಂತಿದೀನಿ. ಗ್ಲಾಸು ಎಲ್ಲಿಟ್ಟಿದೀರಿ?”

“ನಿಮ್ಮ ಮನೇಲಿ ಕೊಟ್ಟಿದೀನಲ್ಲ!”

“ಕೊಟ್ಟಿಲ್ಲ ಅಯ್ಯ.”

ನಾನು ಡೈರಿ ತೆಗೆದು ಪಟ್ಟಿ ನೋಡಿದೆ. ಗುರುತು ಇತ್ತು. ಆಮೇಲೆ ಬ್ಯಾಗಿನೊಳಗೆ ಕೈ ಹಾಕಿದೆ. ಸುತ್ತಿದ್ದ ಬನಿಯನ್ ಕೈಗೆ ಗಟ್ಟಿಯಾಗಿ ಸಿಕ್ಕಿತು.

ಸಂಸೆಯ ಮಳೆ ಸಂಸೆಯಲ್ಲಿ, ಅದನ್ನು ಅಳೆಯುವ ಗ್ಲಾಸು ಕಾಪುವಿನಲ್ಲಿ. ಗ್ಲಾಸು ಹೊರಗೆ ತೆಗೆದು ಮಡಿಲಲ್ಲಿಟ್ಟುಕೊಂಡು ಕೂತೆ. ಮಗಳು ಮೊದಲು ಬಾಯಿ ಮುಚ್ಚಿಕೊಂಡು ನಕ್ಕಳು, ಆಮೇಲೆ ಬಾಯಿ ಮುಚ್ಚದೆ ನಕ್ಕಳು. ಹೆಂಡತಿ ನಗಲಿಲ್ಲ. ನನ್ನ ಮುಖ ನೋಡಿ ಫೋನು ತೆಗೆದುಕೊಂಡಳು.

“ಮೇಸ್ತ್ರಿ, ನಾನು. ಬಾಟ್ಲಿ ಚೆಲ್ಬೇಡಿ. ಮನೆ ಬೀಗ ತೆಗೀರಿ. ಅಡಿಗೆಮನೆ ಕಿಟಕಿ ಹತ್ರ ನಾವು ದಿನಾ ಕಾಫಿ ಕುಡಿಯೋ ಸ್ಟೀಲ್ ಲೋಟ ಉಂಟಲ್ಲ, ಹತ್ತು ಗಂಟೆಗೆ ನಿಮಗೂ ಅದ್ರಲ್ಲೇ ಕೊಡ್ತೀನಲ್ಲ, ಅದೇ. ಕಂಠದ ಕೆಳಗೊಂದು ಗೆರೆ ಇದೆ. ಗೆರೆ ಮಟ್ಟಕ್ಕೆ ಸುರೀರಿ. ಎಷ್ಟು ಲೋಟ ಆಯ್ತು ನೋಡಿ ಹೇಳಿ.”

ಆ ಲೋಟ ಅವಳ ತವರಿನಿಂದ ಬಂದ ಆರರ ಸೆಟ್ಟಿನದು. ಅದರದ್ದೇ ಎರಡು ನಮ್ಮ ಫ್ಲಾಸ್ಕಿನ ಜೊತೆ ಬುಟ್ಟಿಯಲ್ಲಿದ್ದವು. ಒಂದನ್ನು ತೆಗೆದು ಸೆರಗಿನಿಂದ ಒರೆಸಿ ಮರಳಿನ ಮೇಲಿಟ್ಟಳು. ಆಗ ನನಗೆ ಅರ್ಥವಾಯಿತು. ನಾನು ಕುಡಿಯುವ ನೀರಿನ ಬಾಟಲಿಗೆ ಕೈಹಾಕಿದೆ.

“ಎದುರಿಗೆ ಇಷ್ಟು ದೊಡ್ಡದು ಇಟ್ಕೊಂಡು ಕುಡಿಯೋ ನೀರು ಎಂತಕ್ಕೆ ಹಾಳು ಮಾಡ್ತೀರಿ?” ಎಂದಳು.

ಮೇಸ್ತ್ರಿಯ ಫೋನು ಹತ್ತು ನಿಮಿಷಕ್ಕೆ ಬಂತು. ಮನೆಯೊಳಗೆ ಸಿಗ್ನಲ್ ಸಿಗುವುದಿಲ್ಲ, ಕಣದ ದಿಣ್ಣೆ ಹತ್ತಿ ಮಾತಾಡಬೇಕು. “ಅಮ್ಮಾ, ಗೆರೆ ಮಟ್ಟ ಒಂದು ಲೋಟ ಆಯ್ತು. ಎರಡನೇದ್ರಲ್ಲಿ ಬರೀ ತಳ ಮುಚ್ಚಿತು.”

ಹೆಂಡತಿ ಲೋಟ ಹಿಡಿದು ನೀರಿನ ಅಂಚಿಗೆ ನಡೆದಳು. ಬಗ್ಗಿ ಒಂದು ಲೋಟ ಸಮುದ್ರ ಎತ್ತಿಕೊಂಡು ಬಂದಳು. ಗೆರೆಯ ಮಟ್ಟಕ್ಕೆ ಬರುವಷ್ಟು ಚೆಲ್ಲಿ, ನಾನು ಹಿಡಿದಿದ್ದ ಗ್ಲಾಸಿಗೆ ನಿಧಾನವಾಗಿ ಸುರಿದಳು. ಇನ್ನೊಂದು ಸಲ ಹೋಗಿ, ತಳ ಮುಚ್ಚುವಷ್ಟು ತಂದು ಸುರಿದಳು. ನಾನು ಮೊಣಕಾಲೂರಿ ಕೂತು, ಕಣ್ಣಿನ ಮಟ್ಟಕ್ಕೆ ಹಿಡಿದು, ನೊರೆ ಆರುವುದನ್ನು ಕಾಯ್ದೆ. ಕಡಲೆಕಾಯಿ ತಿನ್ನುತ್ತ ಹೋಗುತ್ತಿದ್ದವರೊಬ್ಬರು ನಿಂತು ನೋಡಿದರು.

“ನೀರು ಟೆಸ್ಟ್ ಮಾಡೋದಾ ಸರ್? ಡಿಪಾರ್ಟ್‌ಮೆಂಟಿನವರಾ?”

“ಹೌದು” ಎಂದಳು ಮಗಳು. “ಇವರು ಮೇಲಿನವರು.”

“ಉಪ್ಪು ನೀರಿಗೆ ಅಳತೆ ಬೇರೆ ಬರ್ತದಾ ಅಂತ” ಎಂದು ನಾನು ಶುರು ಮಾಡಿದೆ.

“ಓದಿ!” ಎಂದರು ತಾಯಿ ಮಗಳು ಒಟ್ಟಿಗೆ.

ನಲವತ್ತೆರಡು ಸೆಂಟು.

ತೊಂಬತ್ತು ಬಂದಿದ್ದರೆ ಕುಣಿಯಬಹುದಿತ್ತು. ಹತ್ತು ಬಂದಿದ್ದರೆ ಮೊಗ್ಗು ನಿದ್ದೆಯಿಂದ ಏಳುತ್ತಿರಲಿಲ್ಲ, ಅದೂ ನಿಶ್ಚಿಂತೆ. ನಲವತ್ತೆರಡು ಎಂದರೆ ಮೂರನೆಯದು, ಕೆಟ್ಟದ್ದು. ನಾನು ಸಂಖ್ಯೆಯನ್ನು ಹೇಳಿದೆ. ಬಿಡಿಸಿ ಹೇಳುವ ಅಗತ್ಯವಿರಲಿಲ್ಲ, ಕಾಫಿಯವರ ಮನೆಯಲ್ಲಿ ಇಪ್ಪತ್ತೆರಡು ವರ್ಷ ಇದ್ದವಳು. ಅವಳು ಲೋಟದಲ್ಲಿ ಉಳಿದಿದ್ದ ಹನಿಯನ್ನು ಮರಳಿಗೆ ಜಾಡಿಸಿದಳು. ಬುಟ್ಟಿಗೆ ಹಾಕಿದಳು. ಕೂತಿದ್ದ ಜಮಖಾನದ ಒಂದು ಮೂಲೆಯನ್ನು ಎತ್ತಿ ಮಡಿಸಲು ಶುರು ಮಾಡಿದಳು. ಮುಖದಲ್ಲಿ ಸಿಟ್ಟಿರಲಿಲ್ಲ. ಸಿಟ್ಟಿದ್ದರೆ ಚೆನ್ನಾಗಿತ್ತು. ಜೀಪಿನಿಂದ ಇಳಿದು ಸೀರೆ ಬದಲಾಯಿಸಲು ಒಳಗೆ ಹೋದ ದಿನದ ಮುಖ ಅದು.

“ನೋಡಿಯಾಯ್ತಲ್ಲ” ಎಂದಳು. “ಸೂರ್ಯ ಎಲ್ಲಾ ಕಡೆನೂ ಮುಳುಗ್ತದೆ. ಈಗ ಹೊರಟ್ರೆ ಒಂಬತ್ತೂವರೆಗೆ ಮನೆ ಸೇರ್ಬಹುದು.”

ಮಗಳು ನನ್ನನ್ನೇ ನೋಡುತ್ತಿದ್ದಳು.

ನನ್ನ ತಲೆಯೊಳಗೆ ಆಗಲೇ ಪಂಪು ಓಡುತ್ತಿತ್ತು. ಡೀಸೆಲ್ ಇದೆಯೋ ಇಲ್ಲವೋ, ಪೈಪಿನ ವಾಷರ್ ಹೋಗಿರುವುದು ಯಾವುದು, ಕೆಳಗಿನ ತುಂಡಿಗೆ ಮೊದಲು ಬಿಡುವುದೋ ಮೇಲಿನದಕ್ಕೋ. ನಾನು ಇಲ್ಲದೆ ಇದು ಯಾವುದೂ ಆಗುವುದಿಲ್ಲ. ಇಷ್ಟೆಲ್ಲ ಯೋಚಿಸುತ್ತಲೇ ನಾನು ಮಾಡಿದ್ದು ಒಂದೇ ಕೆಲಸ, ಅದನ್ನು ಧೈರ್ಯ ಎನ್ನಲಾರೆ. ಅವಳು ಎತ್ತಿದ ಜಮಖಾನದ ಮೂಲೆಯ ಮೇಲೆ ಹೋಗಿ ಕೂತುಬಿಟ್ಟೆ.

“ಏಳ್ರಿ, ಮಡಿಸ್ಬೇಕು.”

“ಇರಲಿ. ಕೂತ್ಕೊ.”

“ಮತ್ತೆ ಹೂವು?”

“ಹೋದ್ರೆ ಒಂದು ವರ್ಷದ್ದು ಹೋಗ್ತದೆ” ಎಂದೆ. “ಕೂತ್ಕೊ ಮಾರಾಯ್ತಿ. ಮುಳುಗೋದು ನೋಡಿ ಹೋಗಣ. ನಾಳೆ ಬೆಳಿಗ್ಗೆ ಲೈಟ್‌ಹೌಸ್ ಬಂಡೆ ಹತ್ತಣ, ಮಧ್ಯಾಹ್ನ ಊಟ ಮಾಡ್ಕೊಂಡು ಹೊರಡಣ. ಹೇಳಿದ್ದು ಹಾಗೇ ತಾನೆ?”

ಅವಳು ತಟ್ಟನೆ ಕೂರಲಿಲ್ಲ. ಇಪ್ಪತ್ತೆರಡು ವರ್ಷದ ಅನುಭವ ಯಾರನ್ನೂ ತಟ್ಟನೆ ಕೂರಿಸುವುದಿಲ್ಲ. ನಾನು ಫೋನು ತೆಗೆದು ಮೇಸ್ತ್ರಿಗೆ ಹಚ್ಚಿದೆ. ದೂರದಿಂದ ಆಜ್ಞೆ ಕೊಡುವ ಸೇನಾಪತಿಯ ಹಾಗೆ ಗಂಟಲು ಸರಿಮಾಡಿಕೊಂಡು, ನಲವತ್ತೆರಡು ಬಿದ್ದಿದೆ, ನಾನು ನಾಳೆ ಸಂಜೆಯವರೆಗೆ ಬರುವುದಿಲ್ಲ, ಬೆಳಿಗ್ಗೆ ಎದ್ದ ಕೂಡಲೇ ಪೈಪು ಜೋಡಿಸಲು ಶುರು ಮಾಡಬೇಕು ಎಂದು ಹೇಳಿದೆ.

“ಪೈಪು ಆಗ್ಲೇ ಜೋಡ್ಸಾಯ್ತು ಅಯ್ಯ.”

“ಯಾವಾಗ?”

“ಮಳೆ ನಿಂತ ಕೂಡ್ಲೇ ಕೆಲಸದ ಹುಡುಗ್ರು ಹೊತ್ತು ಹಾಕಿದ್ರು. ಕೆಳಗಿನ ತುಂಡಿಗೆ. ಡೀಸೆಲ್ ಉಂಟು, ವಾಷರ್ ನಿನ್ನೆನೇ ಹಾಕಿದೀನಿ. ಬೆಳಿಗ್ಗೆ ಆರಕ್ಕೆ ಪಂಪು ಬಿಡ್ತೀನಿ.”

“ಎಷ್ಟು ಸೆಂಟು ಅಂತ ಗೊತ್ತಾಗೋಕೆ ಮೊದ್ಲೇ?”

“ಬೆರಳಲ್ಲಿ ಮಣ್ಣು ಕೆದಕಿ ನೋಡಿದೆ. ಒಂದು ಗೆಣ್ಣು ಒದ್ದೆ, ಕೆಳಗೆ ಒಣ. ಸಾಲಲ್ಲ ಅಂತ ಗೊತ್ತಾಯ್ತು.”

“ಹಾಗಾದ್ರೆ ಗ್ಲಾಸು ಎಲ್ಲಿ ಅಂತ ಎಂತಕ್ಕೆ ಕೇಳಿದ್ರಿ? ಬಾಟ್ಲಿ, ಲೋಟ, ಇಷ್ಟೆಲ್ಲ ಎಂತಕ್ಕೆ?”

ಆ ಕಡೆಯಿಂದ ಉಸಿರೆಳೆದ ಸದ್ದು ಬಂತು. ಬೀಡಿ ಎಳೆಯುತ್ತಿದ್ದರೆಂದು ಕಾಣುತ್ತದೆ.

“ನೀವು ಅಳೀರಿ ಅಂದಿದ್ರಲ್ಲ ಅಯ್ಯ. ನಿಮ್ಮ ಸಮಾಧಾನಕ್ಕೆ.”

ಮಗಳು ಫೋನನ್ನು ಸ್ಪೀಕರಿಗೆ ಹಾಕಿದ್ದಳು, ಆದ್ದರಿಂದ ಇದನ್ನು ಮನೆಮಂದಿಯೆಲ್ಲ ಕೇಳಿದರು. ಹೆಂಡತಿ ಆಗ ಕೂತಳು. ಕೂತು, ಸೆರಗನ್ನು ಬಾಯಿಗೆ ಅಡ್ಡ ಹಿಡಿದುಕೊಂಡು, ಭುಜ ಕುಲುಕುವ ಹಾಗೆ ನಕ್ಕಳು. ವರ್ಷದ ಬೆಳೆಯನ್ನೇ ತ್ಯಾಗ ಮಾಡಿದವನ ಗತ್ತು ನನ್ನದಾಗಿ ಎರಡು ನಿಮಿಷವೂ ಆಗಿರಲಿಲ್ಲ. ಆದರೆ ನಾನು ಫೋನಿಗಿಂತ ಮೊದಲು ಕೂತಿದ್ದೆ. ಅದನ್ನು ಅವಳು ನೋಡಿದ್ದಳು. ನನಗೆ ಅಷ್ಟು ಸಾಕಿತ್ತು, ಅವಳಿಗೂ ಸಾಕಾಗಿತ್ತೆಂದು ಕಾಣುತ್ತದೆ. ಫ್ಲಾಸ್ಕಿನಿಂದ ಕಾಫಿ ಬಗ್ಗಿಸಿ ಮೊದಲ ಲೋಟ ನನಗೆ ಕೊಟ್ಟಳು.

ಸಮುದ್ರ ಅಳೆದ ಲೋಟವೇ ಅದು. ತೊಳೆದಿರಲಿಲ್ಲ. ಕಾಫಿ ಉಪ್ಪಾಗಿತ್ತು. ಪಶ್ಚಿಮಕ್ಕೆ ತಿರುಗಿ ಕೂತು ಪೂರ್ತಿ ಕುಡಿದೆ.

ಭಾನುವಾರ ಸಂಜೆ ಸಂಸೆ ಮುಟ್ಟಿದಾಗ ಹಾಲಿಗೆಂದು ಅಂಗಡಿಯ ಮುಂದೆ ಕಾರು ನಿಲ್ಲಿಸಿದೆ. ಪಕ್ಕದ ತೋಟದ ಅತ್ತೆ ಅಲ್ಲೇ ನಿಂತಿದ್ದರು. ಲಗುಬಗೆಯಿಂದ ಕಾರಿನ ಹತ್ತಿರ ಬಂದು, ಕಿಟಕಿಯಿಂದ ಒಳಗೆ ಬಗ್ಗಿ, ನನ್ನ ಮುಖವನ್ನು ಚೆನ್ನಾಗಿ ನೋಡಿ, ಹೆಂಡತಿಯ ಹತ್ತಿರ ದನಿ ತಗ್ಗಿಸಿ ಕೇಳಿದರು: “ಹೇಗಿದಾನೆ ಈಗ?”

ನಾನು ಬಾಯಿ ತೆರೆಯುವ ಮೊದಲೇ ಹೆಂಡತಿ ಹೇಳಿದಳು: “ಪರವಾಗಿಲ್ಲ ಅತ್ತೆ, ಸುಧಾರಿಸಿದಾರೆ. ವರ್ಷಕ್ಕೊಂದು ಸಲ ಕರ್ಕೊಂಡು ಹೋಗ್ಬೇಕಂತೆ.”